ಲೈಟ್ ಸ್ಟ್ಯಾಂಡ್ ಎದುರು ಒಂದು ಕ್ಲೋಸಪ್

ನನಗೆ ಸಿಗುವುದು ಹೆಚ್ಚಾಗಿ ಡಾಕ್ಟರ್, ವಕೀಲ, ಹುಡುಗಿಯ ಅಪ್ಪ, ಇಂಥ ಪಾತ್ರಗಳೇ. ಅವತ್ತು ಡಾಕ್ಟರ್. ಆಪರೇಷನ್ ಥಿಯೇಟರ್‌ನಿಂದ ಹೊರಬಂದು ರೋಗಿಯ ಮಗನಿಗೆ ಕೆಟ್ಟ ಸುದ್ದಿ ಹೇಳಬೇಕು. ಮಗನ ಪಾತ್ರದಲ್ಲಿ ಹೀರೊ.

ಬೆಳಿಗ್ಗೆಯೇ ಮೇಕಪ್ ಹಾಕಿ ಕೂರಿಸಿದರು. ಕರೆ ಬಂದದ್ದು ಮಧ್ಯಾಹ್ನ ಕಳೆದ ಮೇಲೆ. ಅದಕ್ಕೆ ಗೊಣಗಬಾರದು, ಲೈಟಿಂಗ್‌ಗೆ ಹೊತ್ತು ಹಿಡಿಯುತ್ತದೆ.

ಮೊದಲು ಮಾಸ್ಟರ್ ಶಾಟ್, ಅಂದರೆ ಇಬ್ಬರೂ ಕಾಣುವ ಹಾಗೆ ಇಡೀ ದೃಶ್ಯ. 'ಸಾರಿ' ಅನ್ನುವ ಮುಂಚೆ (ಸಿನಿಮಾ ಡಾಕ್ಟರ್‌ಗೆ ಬೇರೆ ಮಾತು ಎಲ್ಲಿ ಬರುತ್ತೆ!) ನಾನು ಬಲಗೈಯಿಂದ ಕನ್ನಡಕ ತೆಗೆದೆ. ಸುಮ್ನೆ ಹಾಗೇ ಬಂದದ್ದು. ಆದರೆ ಒಮ್ಮೆ ಮಾಡಿದರೆ ಮುಗಿಯಿತು. ಆಮೇಲಿನ ಪ್ರತಿ ಶಾಟ್‌ನಲ್ಲೂ ಅದೇ ಮಾತಿಗೆ, ಅದೇ ಕೈಯಿಂದ ಕನ್ನಡಕ ಇಳಿಯಬೇಕು. ಇಲ್ಲದಿದ್ದರೆ ಎಡಿಟಿಂಗ್‌ನಲ್ಲಿ ಎರಡು ಶಾಟ್ ಕೂಡುವುದೇ ಇಲ್ಲ. ಇಂಥ ಕಂಟಿನ್ಯುಟಿ ನೆನಪಿಡುವವನಿಗೆ ಯಾರೂ ಚಪ್ಪಾಳೆ ತಟ್ಟುವುದಿಲ್ಲ. ಮತ್ತೆ ಕೆಲಸಕ್ಕೆ ಕರೆಯುವಾಗ ಮಾತ್ರ ಅವನ ನೆನಪಾಗುತ್ತದೆ.

ಆಮೇಲೆ ಹೀರೊ ಕಡೆಯ ಸಜೆಷನ್ ಶಾಟ್, ಅಂದರೆ ನನ್ನ ಬೆನ್ನ ಹಿಂದಿನಿಂದ ಅವರ ಮುಖ. ಅದರಲ್ಲಿ ನನ್ನದು ಭುಜ, ಒಂದು ಕಿವಿ ಅಷ್ಟೇ. ಕ್ಲೋಸಪ್‌ನಲ್ಲಿ ಅದೂ ಇಲ್ಲ. ಆದರೂ ಕ್ಯಾಮೆರಾ ಪಕ್ಕ ನಿಂತು ಮನಸ್ಸಿಟ್ಟೇ ಮಾತು ಹೇಳಿದೆ. ಎದುರಿನವರ ಕಣ್ಣಲ್ಲಿ ನೀರು ಬರುವುದು ಈ ದನಿ ಕೇಳಿಯೂ ಹೌದು, ಅಲ್ವಾ?

ಕ್ಯಾಮೆರಾ ದಿಕ್ಕು ಬದಲಾದರೆ ಲೈಟ್‌ಗಳೂ ಬದಲಾಗಬೇಕು. ಅದಕ್ಕೇ ಒಂದು ಕಡೆಯ ಶಾಟ್‌ಗಳನ್ನೆಲ್ಲ ಮುಗಿಸಿಯೇ ಇನ್ನೊಂದು ಕಡೆಗೆ ಬರುವುದು. ನನ್ನ ಕಡೆಗೆ ಬರುವಷ್ಟರಲ್ಲಿ ಹೀರೊ ಕಾಲ್‌ಶೀಟ್ ಮುಗಿದು ಅವರು ಹೊರಟಾಗಿತ್ತು. ಅವರ ಕಣ್ಣಿನ ಎತ್ತರಕ್ಕೆ ಲೈಟ್ ಸ್ಟ್ಯಾಂಡ್ ಮೇಲೆ ಟೇಪ್ ಅಂಟಿಸಿದರು. "ಸರ್, ಲುಕ್ ಇಲ್ಲಿ." ಹೀರೊ ಮಾತುಗಳನ್ನು ಅಸಿಸ್ಟೆಂಟ್ ಡೈರೆಕ್ಟರ್ ಹುಡುಗ ದಿನಸಿ ಪಟ್ಟಿ ಓದುವ ಹಾಗೆ ಓದಿದ. "ಅಮ್ಮ ಹೇಗಿದ್ದಾರೆ ಡಾಕ್ಟ್ರೇ?"

ಆಗ ಕೈಹಿಡಿದದ್ದು ಹೀರೊ ಕ್ಲೋಸಪ್‌ಗೆ ಕ್ಯೂ ಕೊಡುವಾಗ ನೋಡಿದ ಮುಖ. 'ಅಮ್ಮ' ಅನ್ನುವಾಗ ಅವರ ಕೆಳತುಟಿ ಸ್ವಲ್ಪ ಎಡಕ್ಕೆ ಎಳೆಯುತ್ತಿತ್ತು. ಟೇಪಿನ ಜಾಗದಲ್ಲಿ ಆ ತುಟಿಯನ್ನೇ ನೋಡಿದೆ. ಕನ್ನಡಕ ತೆಗೆದೆ, ಬಲಗೈಯಿಂದಲೇ. ಓಕೆ ಆಯಿತು. ಇನ್ನೊಂದು ಟೇಕ್ ಕೇಳಿದರೆ, "ಸಾಕು ಸರ್, ಚೆನ್ನಾಗಿ ಬಂದಿದೆ" ಎಂದು ಲೈಟ್ ಎತ್ತಿಯೇ ಬಿಟ್ಟರು.

ಡಬ್ಬಿಂಗ್‌ಗೆ ಹೋದಾಗ ಎಡಿಟ್ ಆದ ದೃಶ್ಯ ನೋಡಿದೆ. ಕನ್ನಡಕ ತೆಗೆಯುವವರೆಗೆ ಮಾತ್ರ ನನ್ನ ಮುಖ. 'ಸಾರಿ' ಬರುವುದು ಹೀರೊ ಮುಖದ ಮೇಲೆ. ಎಡಿಟರ್ ಮಾಡಿದ್ದು ಸರಿಯೇ. ಅಲ್ಲಿ ಹೇಳುವವನಿಗಿಂತ ಕೇಳುವವನ ಮುಖ ಮುಖ್ಯ. ನನ್ನ ತುಟಿ ಕಾಣದ ಮೇಲೆ ಲಿಪ್ ಸಿಂಕ್ ಚಿಂತೆಯೂ ಇಲ್ಲವಲ್ಲ! ಆ ಮಾತನ್ನು ಶೂಟಿಂಗ್‌ನಲ್ಲಿ ಹೇಳಿದ್ದಕ್ಕಿಂತ ನಿಧಾನವಾಗಿ, ದನಿ ತಗ್ಗಿಸಿ ಹೇಳಿದೆ. ಡೈರೆಕ್ಟರ್ ಅದನ್ನೇ ಇಟ್ಟುಕೊಂಡರು.