ಕಲ್ಲಿನ ಮೇಲಿನ ಬಂಡಿ

ಇವತ್ತು ಮಧ್ಯಾಹ್ನ ರಾಯಚೂರು ಕೋಟೆಯ ಪಶ್ಚಿಮದ ಗೋಡೆ ಮುಂದೆ ಕ್ಯಾಮೆರಾ ಇಟ್ಟು ಕೂತಿದ್ವಿ. ನಮ್ಮೂರಿನ ಮರೆತುಹೋದ ಜಾಗಗಳ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡ್ತಿದ್ದೀವಿ. ಆ ಗೋಡೆಯಲ್ಲಿ ಸುಮಾರು 41 ಅಡಿ ಉದ್ದದ ಒಂದೇ ಕಲ್ಲಿದೆ. 1294ರಲ್ಲಿ ಕಾಕತೀಯ ಅರಸರ ಅಧಿಕಾರಿ ಗೋರೆ ಗಂಗಯ್ಯ ರೆಡ್ಡಿ ಈ ಕೋಟೆ ಕಟ್ಟಿಸಿದ ಅಂತ ಅದರ ಮೇಲೆ ತೆಲುಗು ಶಾಸನ ಇದೆ.

ನನಗೆ ಶಾಸನಕ್ಕಿಂತ ಜಾಸ್ತಿ ಇಷ್ಟವಾದದ್ದು ಅಲ್ಲಿರುವ ಚಿತ್ರ. ಅದೇ ಕಲ್ಲನ್ನು ಬಂಡಿ ಮೇಲೆ ಹೇರಿ ಸಾಗಿಸುವ ಚಿತ್ರ! ಬಿಸಿಲು ಗೋಡೆ ಸವರಿಕೊಂಡು ಇಳಿದಾಗ ಮಾತ್ರ ಗೆರೆಗಳು ಎದ್ದು ಕಾಣುತ್ತವೆ. ಕೋಣಗಳ ಸಾಲು, ನಡುನಡುವೆ ಹುರಿದುಂಬಿಸುವ ಆಳುಗಳು, ಗಾಲಿಗೆ ಸನ್ನೆಕೋಲು ಹಾಕಿ ಮೀಟುವವರು. ದೊರೆಗಳ ಹೆಸರು ಎಲ್ಲ ಕಡೆ ಸಿಗುತ್ತೆ. ಕಲ್ಲು ಹೊತ್ತವರ ಬೆವರು ಹೀಗೆ ಕಲ್ಲಲ್ಲೇ ಉಳಿಯೋದು ಅಪರೂಪ, ಅಲ್ವಾ?

ಮಾನಿಟರ್ ನೋಡಲು ಬಂದ ಅಜ್ಜರೊಬ್ಬರು ಬಹಳ ಹೊತ್ತು ಬಗ್ಗಿ ನೋಡಿದರು. "ದಿನಾ ಇಲ್ಲೇ ಅಡ್ಡಾಡ್ತೀನಿ ತಮ್ಮಾ, ಗಾಡಿ ಐತಂತ ಇವತ್ತೇ ಕಂಡಿತು" ಅಂದರು. ಆಮೇಲೆ ಗೋಡೆ ಹತ್ತಿರ ಹೋಗಿ ಒಂದೊಂದೇ ಕೋಣ ಎಣಿಸತೊಡಗಿದರು. ನಾವು ಕ್ಯಾಮೆರಾ ಅವರ ಬೆರಳಿನ ಕಡೆ ತಿರುಗಿಸಿದ್ವಿ.