ಬ್ಯಾಗ್ ಇಳಿಸದ ಹುಡುಗಿ

2019ರ ಜೂನ್. ಆಗ ನಾನು ಕುಶಾಲನಗರದ ಹತ್ತಿರ ಒಂದು ಶಾಲೆಯಲ್ಲಿ ಐದನೇ ಕ್ಲಾಸಿಗೆ ಟೀಚರ್. ಆ ವರ್ಷ ಹೊಸದಾಗಿ ಒಬ್ಬಳು ಹುಡುಗಿ ಸೇರಿದಳು. ಹೆಸರು ಬೇಡ. ಬಿಸಿಲಿದ್ದಾಗ ಎಲ್ಲರ ಹಾಗೇ ಇರುತ್ತಿದ್ದಳು. ಮಳೆ ಶೀಟಿನ ಮೇಲೆ ಜೋರಾಗಿ ಬಡಿಯಲು ಶುರುವಾಯಿತೋ, ಬ್ಯಾಗ್ ಹೆಗಲಿಗೇರಿಸಿಕೊಂಡು ಬೆಂಚಿನ ತುದಿಗೆ ಬಂದು ಕೂರುತ್ತಿದ್ದಳು. ಎಲ್ಲರ ಚಪ್ಪಲಿ ಬಾಗಿಲ ಹೊರಗಿದ್ದರೆ ಅವಳದ್ದು ಬೆಂಚಿನ ಕೆಳಗೆ.

ಬ್ಯಾಗ್ ಇಳಿಸು ಅಂತ ಎರಡು ದಿನ ಸುಮ್ನೆ ಹೇಳಿದೆ. ಮೂರನೇ ದಿನ "ಏನಾಗಿದೆ ನಿಂಗೆ?" ಅಂತ ಗದರಿ, ಬ್ಯಾಗಿನ ಪಟ್ಟಿ ಹಿಡಿದು ಎಳೆದೆ. ಬಿಡಲಿಲ್ಲ. ಅಳಲೂ ಇಲ್ಲ. ಅದೇ ನನಗೆ ಜಾಸ್ತಿ ಸಿಟ್ಟು ತರಿಸಿತು. ಕೊಬ್ಬು ಅಂದುಕೊಂಡೆ. ಬರೆಯುವಾಗ ಈಗಲೂ ನಾಚಿಕೆಯಾಗುತ್ತದೆ.

ಮರುದಿನ ಅವಳ ಅಜ್ಜಿ ಬಂದರು. ಜಗಳಕ್ಕಲ್ಲ. ಒದ್ದೆ ಕೊಡೆಯನ್ನು ಮೂಲೆಗೆ ಒರಗಿಸಿ ನಿಧಾನಕ್ಕೆ ಹೇಳಿದರು. 2018ರ ಆಗಸ್ಟಿನಲ್ಲಿ ಕೊಡಗಿನ ಗುಡ್ಡಗಳು ಜಾರಿದಾಗ ಇವರ ಮನೆಯೂ ಹೋಗಿತ್ತು. ಉಟ್ಟ ಬಟ್ಟೆಯಲ್ಲಿ ಓಡಿದ್ದಾರೆ. ಹುಡುಗಿ ಸ್ಕೂಲ್ ಬ್ಯಾಗ್ ತರುತ್ತೇನೆ ಅಂತ ಒಳಗೆ ನುಗ್ಗಿದಳಂತೆ. ಅವಳಪ್ಪ ಕೆನ್ನೆಗೆ ಬಾರಿಸಿ ಎಳೆದುಕೊಂಡು ಬಂದನಂತೆ.

ನಾನೂ ಎಳೆದಿದ್ದೆ, ಅಲ್ವಾ? ಅದೂ ಬ್ಯಾಗಿಗಾಗಿಯೇ.

2009ರ ಶಿಕ್ಷಣ ಹಕ್ಕು ಕಾಯ್ದೆಯ 17ನೇ ಸೆಕ್ಷನ್ ಹೊಡೆಯುವುದನ್ನಷ್ಟೇ ಅಲ್ಲ, ಮಾನಸಿಕ ಹಿಂಸೆಯನ್ನೂ ನಿಷೇಧಿಸುತ್ತದೆ. ಹೊಡೆದಿಲ್ಲವಲ್ಲ ಅಂತ ಸಮಾಧಾನ ಮಾಡಿಕೊಂಡಿದ್ದ ನನಗೆ ಆ ಸಮಾಧಾನವೂ ಉಳಿಯಲಿಲ್ಲ.

ಟ್ರಾಮಾ ಇನ್ಫಾರ್ಮ್ಡ್ ಕೇರ್, ಅಂದರೆ ಆಘಾತ ಉಂಡವರ ಜೊತೆ ಅದನ್ನು ಅರಿತು ನಡೆದುಕೊಳ್ಳುವ ಕ್ರಮ, ಅನ್ನುವ ಮಾತು ಕೇಳಿದ್ದು ಆಮೇಲೆ, ಒಂದು ತರಬೇತಿಯಲ್ಲಿ. 2014ರಲ್ಲಿ ಅಮೆರಿಕದ ಸ್ಯಾಮ್ಸಾ (SAMHSA) ಅನ್ನುವ ಸರ್ಕಾರಿ ಸಂಸ್ಥೆ ಇದಕ್ಕೆ ನಾಲ್ಕು ಸೂತ್ರ ಹೇಳಿದೆ. ಆಘಾತ ಏನು ಮಾಡುತ್ತದೆ ಅಂತ ತಿಳಿಯುವುದು, ಅದರ ಗುರುತು ಹಿಡಿಯುವುದು, ಅದಕ್ಕೆ ತಕ್ಕ ಹಾಗೆ ನಡೆದುಕೊಳ್ಳುವುದು. ನಾಲ್ಕನೆಯದು, ನಾವೇ ಮತ್ತೆ ಆ ಗಾಯ ಕೆದಕದಿರುವುದು. ನಾನು ಎಡವಿದ್ದು ಅಲ್ಲೇ. "ಏನಾಗಿದೆ ನಿಂಗೆ?" ಅನ್ನುವ ಬದಲು "ಏನಾಯ್ತು?" ಅನ್ನಿ ಅಂದರು ತರಬೇತಿ ಕೊಟ್ಟವರು. ಕನ್ನಡದಲ್ಲಿ ಒಂದು ಬೈಗುಳ, ಇನ್ನೊಂದು ಮಮತೆ. ನಡುವೆ ಇರುವುದು ಕೆಲವೇ ಅಕ್ಷರದ ವ್ಯತ್ಯಾಸ.

ಆದರೆ "ಏನಾಯ್ತು?" ಅಂದರೆ ಕಥೆ ಹೇಳಿಸುವುದಲ್ಲ. ಆಗಸ್ಟ್ 15ಕ್ಕೆ ಅವಳಿಂದ ವೇದಿಕೆ ಮೇಲೆ "ಅನುಭವ" ಹೇಳಿಸೋಣ ಅಂತ ಸಹೋದ್ಯೋಗಿಯೊಬ್ಬರು ಹೊರಟಿದ್ದರು. ಒಳ್ಳೆಯ ಮನಸ್ಸಿನಿಂದಲೇ. ನಾನು ಬೇಡವೆಂದೆ. ಅವರು ಎರಡು ವಾರ ಮಾತು ಬಿಟ್ಟರು.

ನಾನು ಮಾಡಿದ್ದು ಸಣ್ಣದು. ಮಳೆ ಬಂದರೆ ಬಾಗಿಲು ಹಾಕಬೇಡಿ, ಎರಚಲು ಹೊಡೆದರೂ ಪರವಾಗಿಲ್ಲ ಅಂದೆ. ಬೆಳಗ್ಗೆ ಹಾಜರಿ ಕೂಗುವ ಮುಂಚೆ ಬೋರ್ಡಿನ ಮೂಲೆಯಲ್ಲಿ ಬರೆಯುತ್ತಿದ್ದೆ: ಇವತ್ತು ಯಾವ ಅಲರ್ಟ್, ಮಧ್ಯದಲ್ಲಿ ಮಳೆ ರಜೆ ಕೊಟ್ಟರೆ ಯಾರನ್ನು ಯಾರು ಕರೆದುಕೊಂಡು ಹೋಗುತ್ತಾರೆ. ಅವಳೊಬ್ಬಳಿಗಲ್ಲ, ಇಡೀ ಕ್ಲಾಸಿಗೆ. ಬಾಗಿಲ ಪಕ್ಕ ಒಂದು ಮೊಳೆ ಹೊಡೆಸಿ, "ಬ್ಯಾಗ್ ಹೆಗಲಲ್ಲಾದರೂ ಇರಲಿ, ಇಲ್ಲಾದರೂ ಇರಲಿ, ನಿನ್ನಿಷ್ಟ" ಅಂದೆ.

ಅವಳು ಮೊಳೆಯನ್ನು ಮೂರು ಸಲ ಎಳೆದು ನೋಡಿದಳು. ಬ್ಯಾಗ್ ಅಲ್ಲಿ ಸಿಕ್ಕಿಸಲು ಸೆಪ್ಟೆಂಬರ್ ಬಂತು. ಚಪ್ಪಲಿ ಮಾತ್ರ ವರ್ಷಪೂರ್ತಿ ಬೆಂಚಿನ ಕೆಳಗೇ ಇತ್ತು. ಅದರ ಬಗ್ಗೆ ನಾನು ಏನೂ ಕೇಳಲಿಲ್ಲ.