ಸತ್ಸುಕಿ–ಮೇ ಮನೆ: ಮಾಡು ಕೂತಿತು, ಬಚ್ಚಲ ಒಲೆ ಹೊತ್ತಿತು

ಕುಸಾಕಾಬೆ ಮನೆಯ ಮಾದರಿ ಈಗ ಮನೆಯ ಹಾಗೆ ಕಾಣತೊಡಗಿದೆ. ಗೋಡೆಗಳು ನಿಂತಿವೆ. ಅಪ್ಪನ ಓದುವ ಕೋಣೆಯ ಮೇಲೆ ಕೆಂಪು ಮಾಡು ಕೂತಿದೆ. ಹಿಂದಿನ ಬಚ್ಚಲಲ್ಲಿ ಪುಟ್ಟ ಎಲ್‌ಇಡಿ ಒಂದು ಉರಿಯುತ್ತಿದೆ. ಇನ್ನು ಉಳಿದಿರುವುದು ಅಂಗಳ, ಬಾವಿಯ ಕಡೆಯ ಕೆಲಸ, ಆಮೇಲೆ ಆ ಮರ. ಮರದ ವಿಷಯ ಕೊನೆಗೆ ಬರೆಯುತ್ತೇನೆ.

ಹೊಸದಾಗಿ ಓದುತ್ತಿರುವವರಿಗೆ ಎರಡು ಮಾತು. 1988ರಲ್ಲಿ ಬಂದ, ಹಯಾವೊ ಮಿಯಾಝಾಕಿ ನಿರ್ದೇಶನದ ‘ಮೈ ನೇಬರ್ ಟೊಟೊರೊ’ ಚಿತ್ರದಲ್ಲಿ ಕುಸಾಕಾಬೆ ಮನೆತನದ ಅಕ್ಕತಂಗಿಯರಾದ ಸತ್ಸುಕಿ ಮತ್ತು ಮೇ ಅಪ್ಪನ ಜೊತೆ ಬಂದು ಸೇರುವ ಹಳ್ಳಿಮನೆ ಇದು. ಕಾಲ 1950ರ ದಶಕ. ಊರಿನಿಂದ ಸ್ವಲ್ಪ ಆಚೆಗೆ, ಕಾಡಿಗೆ ಬೆನ್ನು ಕೊಟ್ಟು ನಿಂತಿರುವ ಒಂಟಿ ಮನೆ. ಅಮ್ಮ ಆಸ್ಪತ್ರೆಯಲ್ಲಿದ್ದಾಳೆ. ಅದನ್ನು ನಾನು 24ರಲ್ಲಿ ಒಂದು ಭಾಗದ ಅಳತೆಗೆ ಕಟ್ಟುತ್ತಿದ್ದೇನೆ. ಕಿಟ್ ತಂದು ಜೋಡಿಸುತ್ತಿಲ್ಲ. ಫೋಮ್ ಬೋರ್ಡ್, ಬಾಲ್ಸಾ ಮರ, ರಟ್ಟು ಇಷ್ಟನ್ನೇ ಕತ್ತರಿಸಿ ಮಾಡುತ್ತಿದ್ದೇನೆ.

ಅನಿಮೇಷನ್ ಚಿತ್ರಗಳಲ್ಲಿ ಮನಸ್ಸಿಗೆ ಹಿತವಾಗುವ ಒಂಟಿ ಮನೆಗಳಿಗೆ ಬರವಿಲ್ಲ. ಇದನ್ನೇ ಯಾಕೆ ಆರಿಸಿಕೊಂಡೆ ಅಂತ ಕೇಳಿದವರಿಗೆ ಉತ್ತರ ಸರಳ. ಈ ಮನೆ ಬೆಚ್ಚಗಾಗುವುದನ್ನು ನಾವು ಕಣ್ಣಾರೆ ನೋಡುತ್ತೇವೆ. ಮೊದಲು ಅದು ಪಾಳುಬಿದ್ದ ಮನೆ. ಜಗಲಿಯ ಮುಂದಿನ ಕಂಬ ಬುಡದಲ್ಲಿ ಲಡ್ಡಾಗಿದೆ, ಹುಡುಗಿಯರು ಹಿಡಿದು ಅಲ್ಲಾಡಿಸಿದರೆ ಪುಡಿ ಉದುರುತ್ತದೆ. ಪಕ್ಕದ ಹುಡುಗ ಕಾಂತಾ ‘ನಿಮ್ಮದು ದೆವ್ವದ ಮನೆ’ ಅಂತ ಕೂಗಿ ಓಡುತ್ತಾನೆ. ಆಮೇಲೆ ಬಾಗಿಲು ತೆಗೆಯುತ್ತಾರೆ, ಗುಡಿಸುತ್ತಾರೆ, ಒರೆಸುತ್ತಾರೆ, ನೀರು ಹೊರುತ್ತಾರೆ. ಸಂಜೆ ಹೊತ್ತಿಗೆ ಅದು ಅವರ ಮನೆ. 1937ರ ‘ಸ್ನೋ ವೈಟ್’ನಲ್ಲೂ ಹೀಗೇ ಅಲ್ಲವೇ? ಕಾಡಿನ ನಡುವಿನ ಕುಳ್ಳರ ಗುಡಿಸಲು ಮೊದಲ ನೋಟಕ್ಕೆ ಧೂಳು, ಜೇಡರಬಲೆ, ತೊಳೆಯದ ಪಾತ್ರೆಗಳ ರಾಶಿ. ಪೊರಕೆ ಹಿಡಿದ ಮೇಲೆಯೇ ಅದು ನಮಗೆ ಇಷ್ಟವಾಗುವುದು.

ಹಾಗಾಗಿ ಮಾದರಿ ಯಾವ ಹೊತ್ತಿನದ್ದಾಗಿರಬೇಕು ಅನ್ನುವುದನ್ನು ಈ ಹಂತದಲ್ಲಿ ತೀರ್ಮಾನಿಸಿದೆ. ಮನೆಗೆ ಬಂದ ಮೊದಲ ದಿನದ ರಾತ್ರಿ. ಸಾಮಾನು ಇನ್ನೂ ಪೂರ್ತಿ ಜೋಡಿಸಿಲ್ಲ, ನೆಲ ಒರೆಸಿದ ಬಕೆಟ್ಟು ಜಗಲಿಯ ಮೂಲೆಯಲ್ಲೇ ಇದೆ, ಬಚ್ಚಲಲ್ಲಿ ನೀರು ಕಾಯುತ್ತಿದೆ, ಹೊರಗೆ ಗಾಳಿ. ಎಲ್ಲವೂ ಓರಣವಾದ ಬೇಸಿಗೆ ಮಧ್ಯಾಹ್ನವನ್ನು ಕಟ್ಟಿದ್ದರೆ ಚಂದ ಕಾಣುತ್ತಿತ್ತು, ಒಪ್ಪುತ್ತೇನೆ. ಆದರೆ ನನಗೆ ಆ ಗಾಳಿ ಬೇಕು.

ಅಳತೆಗೆ ಬರುತ್ತೇನೆ. ಜಪಾನೀ ಮನೆಯ ಅಳತೆಗೆ ತತಾಮಿ ಚಾಪೆಯೇ ಆಧಾರ. ಒಂದು ಚಾಪೆ ಸುಮಾರು 91 ಸೆಂ.ಮೀ. ಅಗಲ, 182 ಸೆಂ.ಮೀ. ಉದ್ದ, ಪ್ರದೇಶದಿಂದ ಪ್ರದೇಶಕ್ಕೆ ಸ್ವಲ್ಪ ಹೆಚ್ಚುಕಡಿಮೆ. ಕೋಣೆಯನ್ನು ಆರು ಚಾಪೆಯದು, ಎಂಟು ಚಾಪೆಯದು ಅಂತಲೇ ಹೇಳುತ್ತಾರೆ. ನನ್ನ ಅಳತೆಯಲ್ಲಿ ಅದು 3.8 × 7.6 ಸೆಂ.ಮೀ. ಈ ಒಂದು ತುಂಡು ರಟ್ಟು ಕೈಗೆ ಸಿಕ್ಕಿದ ಮೇಲೆ ಚಿತ್ರದ ದೃಶ್ಯಗಳನ್ನು ನಿಲ್ಲಿಸಿ ನಿಲ್ಲಿಸಿ ನೆಲದ ಚಾಪೆಗಳನ್ನು ಎಣಿಸಿದೆ, ಉಳಿದ ಗೋಡೆಗಳೆಲ್ಲ ತಾವಾಗಿಯೇ ಜಾಗಕ್ಕೆ ಬಂದವು. ಚಾಪೆಗೆ ನಮ್ಮ ಹುಲ್ಲುಚಾಪೆಯ ಎಳೆ ಹಾಕಬಹುದೇ ಅಂತ ನೋಡಿದೆ. ಈ ಅಳತೆಗೆ ಅದು ಬಿದಿರಿನಷ್ಟು ದಪ್ಪ. ಪುಸ್ತಕದ ಬೈಂಡಿಂಗ್‌ಗೆ ಬಳಸುವ ಸಣ್ಣ ನೇಯ್ಗೆಯ ಬಟ್ಟೆ ಚೆನ್ನಾಗಿ ಹೊಂದಿತು, ಅಂಚಿಗೆ ಕಪ್ಪು ರಿಬ್ಬನ್.

ಓದುವ ಕೋಣೆ ಮಾತ್ರ ಈ ಲೆಕ್ಕಕ್ಕೆ ಸಿಗುವುದಿಲ್ಲ, ಯಾಕೆಂದರೆ ಅದು ಪಾಶ್ಚಾತ್ಯ ಶೈಲಿಯದು. ಜಪಾನೀ ಮನೆಗೆ ಇಂಥ ಒಂದು ಕೋಣೆ ಅಂಟಿಸಿ ಕಟ್ಟುವ ರೂಢಿ 1920ರ ದಶಕದಲ್ಲಿ ಜನಪ್ರಿಯವಾಯಿತು. 1922ರಲ್ಲಿ ಟೋಕಿಯೊದ ಉಯೆನೊದಲ್ಲಿ ನಡೆದ ಶಾಂತಿ ಪ್ರದರ್ಶನದಲ್ಲಿ ಹೊಸ ಬಗೆಯ ಮನೆಗಳ ಒಂದು ಮಾದರಿ ಹಳ್ಳಿಯನ್ನೇ ನಿಲ್ಲಿಸಿದ್ದರು. ಅಪ್ಪ ವಿಶ್ವವಿದ್ಯಾಲಯದ ಮನುಷ್ಯ, ಪ್ರಾಕ್ತನಶಾಸ್ತ್ರದವನು. ಕುರ್ಚಿ, ಮೇಜು, ನೆಲದ ಮೇಲೂ ಪುಸ್ತಕ. ಆ ಮೇಜಿನ ಮೇಲೆ ತಂಗಿ ಮೇ ಹೂಗಳನ್ನು ತಂದು ಸಾಲಾಗಿ ಇಡುವ ದೃಶ್ಯ ನೆನಪಿದೆಯಲ್ಲ? ಅದು ಮುಂದಿನ ದಿನಗಳದ್ದು, ಹಾಗಾಗಿ ನನ್ನ ಮೇಜಿನ ಮೇಲೆ ಹೂವಿಲ್ಲ, ಕಟ್ಟು ಬಿಚ್ಚದ ಪುಸ್ತಕಗಳಿವೆ.

ಜಗಲಿಯ ಉದ್ದಕ್ಕೂ ಬರುವ ಮರದ ಹಲಗೆಬಾಗಿಲುಗಳನ್ನು ಸರಿದಾಡುವಂತೆಯೇ ಮಾಡಿದ್ದೇನೆ. ಹಗಲು ಇವನ್ನು ಒಂದೊಂದಾಗಿ ಸರಿಸಿ ಜಗಲಿಯ ತುದಿಯ ಪೆಟ್ಟಿಗೆಯಂಥ ಗೂಡಿನೊಳಗೆ ತಳ್ಳಿಬಿಡುತ್ತಾರೆ, ಇಡೀ ಮನೆ ಅಂಗಳಕ್ಕೆ ತೆರೆದುಕೊಳ್ಳುತ್ತದೆ. ರಾತ್ರಿ ಅಥವಾ ಬಿರುಗಾಳಿಗೆ ಮತ್ತೆ ಎಳೆದು ಮುಚ್ಚುತ್ತಾರೆ. 1.5 ಮಿ.ಮೀ. ಬಾಲ್ಸಾ ಹಲಗೆ, ಕೆಳಗೆ ಮೇಲೆ ಸರಿಯಲು ತೋಡು. ಮೊದಮೊದಲು ಬಿಗಿಯಾಗಿತ್ತು, ತೋಡಿಗೆ ಮೇಣದಬತ್ತಿ ಉಜ್ಜಿದೆ, ಈಗ ಬೆರಳ ತುದಿಯಲ್ಲಿ ಸರಿಯುತ್ತದೆ. ಎರಡು ಹಲಗೆ ಮಾತ್ರ ಮುಚ್ಚಿ, ಉಳಿದವನ್ನು ಅರ್ಧಕ್ಕೆ ಬಿಟ್ಟಿದ್ದೇನೆ.

ಮರಕ್ಕೆ ಹಳೆತನ ಬರಿಸಿದ ಬಗೆಯನ್ನು ವಿವರವಾಗಿ ಹೇಳಬೇಕು, ಹಲವರು ಕೇಳಿದ್ದೀರಿ. ಸಣ್ಣ ಎಳೆಯ ಸ್ಟೀಲ್ ವುಲ್ ಅನ್ನು ವಿನೆಗರ್‌ನಲ್ಲಿ ನೆನೆಹಾಕಿ ಬಾಟಲಿಯ ಮುಚ್ಚಳ ಸಡಿಲ ಬಿಡಿ. ಅಡುಗೆಮನೆಯ ಪಾತ್ರೆ ಉಜ್ಜುವ ನಾರು ಆಗುವುದಿಲ್ಲ, ಅದು ತುಕ್ಕು ಹಿಡಿಯದ ಉಕ್ಕು. ಪೇಂಟ್ ಅಂಗಡಿಯಲ್ಲಿ ಸಿಗುವುದೇ ಬೇಕು. ಕಬ್ಬಿಣ ಕರಗಿದ ಈ ನೀರು ಮರದೊಳಗಿನ ಟ್ಯಾನಿನ್ ಎಂಬ ಒಗರು ಅಂಶದ ಜೊತೆ ಸೇರಿದಾಗ ಬೂದುಗಪ್ಪು ಬಣ್ಣ ಬರುತ್ತದೆ. ಬಾಲ್ಸಾದಲ್ಲಿ ಟ್ಯಾನಿನ್ ತೀರಾ ಕಡಿಮೆ. ಅದಕ್ಕೆ ಮೊದಲು ಗಟ್ಟಿ ಟೀ ಡಿಕಾಕ್ಷನ್ ಬಳಿದು ಒಣಗಿಸಬೇಕು, ಮೇಲೆ ವಿನೆಗರ್ ನೀರು. ನೋಡನೋಡುತ್ತಿದ್ದ ಹಾಗೆಯೇ ಮರ ವರ್ಷಗಟ್ಟಲೆ ಮಳೆ ತಿಂದದ್ದರಂತಾಗುತ್ತದೆ. ಲಡ್ಡು ಹಿಡಿದ ಕಂಬಕ್ಕೆ ಇದರ ಜೊತೆ ತಂತಿ ಬ್ರಷ್. ಮೆತ್ತಗಿನ ಭಾಗ ಉದುರಿ ಹೋಗಿ ಗಟ್ಟಿ ಎಳೆ ಮಾತ್ರ ಉಳಿಯಿತು. ಕಂಬದ ಬುಡಕ್ಕೆ ಉದುರಿದ ಪುಡಿಯನ್ನೇ ಫೆವಿಕಾಲ್ ಹಚ್ಚಿ ಅಲ್ಲೇ ಹರಡಿದೆ. ಇಡೀ ಮಾದರಿಯಲ್ಲಿ ನನಗೆ ಅತ್ಯಂತ ಪ್ರೀತಿಯ ಎರಡು ಅಂಗುಲ ಜಾಗ ಅದು.

ಇನ್ನು ಬಚ್ಚಲು. ಆ ಸಂಜೆ ಸತ್ಸುಕಿ ಸೌದೆ ತರಲು ಹೊರಗೆ ಹೋಗುತ್ತಾಳೆ. ಇದ್ದಕ್ಕಿದ್ದಂತೆ ಬೀಸಿದ ಗಾಳಿ ಕೈಯಲ್ಲಿದ್ದ ಸೌದೆಯನ್ನು ಕಿತ್ತುಕೊಂಡು ಹೋಗುತ್ತದೆ. ಮುಂದೆ ಮೂವರೂ ಸ್ನಾನಕ್ಕಿಳಿದಾಗ ಮನೆಯೆಲ್ಲ ನಡುಗುತ್ತದೆ, ಮೇ ಹೆದರುತ್ತಾಳೆ. ಆಗ ಅಪ್ಪ ದೊಡ್ಡ ದನಿಯಲ್ಲಿ ನಗಲು ಶುರುಮಾಡುತ್ತಾನೆ, ಮಕ್ಕಳನ್ನೂ ನಗಿಸುತ್ತಾನೆ. ಮೂವರ ನಗು ಕೇಳಿ ಮನೆಯ ಮೂಲೆಮೂಲೆಯಲ್ಲಿದ್ದ ಮಸಿಗುಂಡುಗಳು (ಖಾಲಿ ಮನೆಗಳಲ್ಲಿ ಸೇರಿಕೊಳ್ಳುವ, ಮಸಿಯುಂಡೆಯಂಥ ಪುಟ್ಟ ಜೀವಿಗಳು) ಜಾಗ ಖಾಲಿ ಮಾಡಿ ರಾತ್ರಿಯ ಆಕಾಶಕ್ಕೆ ಹಾರಿಹೋಗುತ್ತವೆ. ಈ ಚಿತ್ರದ ನೆಮ್ಮದಿಯೆಲ್ಲ ನನಗೆ ಇಲ್ಲೇ ಇದೆ. ಗೋಡೆ ಗಟ್ಟಿಯಾಗಿರುವುದಕ್ಕೆ ಧೈರ್ಯ ಬಂದದ್ದಲ್ಲ, ಗೋಡೆ ಅಲ್ಲಾಡುತ್ತಲೇ ಇದೆ. ಬಿಸಿನೀರಿದೆ, ಅಪ್ಪ ಇದ್ದಾನೆ, ನಗು ಇದೆ. ಅಮ್ಮ ಇಲ್ಲ ಅನ್ನುವುದು ಆ ನಗುವಿನ ಹಿಂದೆ ಇದ್ದೇ ಇದೆ. ಮಿಯಾಝಾಕಿಯ ತಾಯಿಯೂ ಬೆನ್ನುಮೂಳೆಯ ಕ್ಷಯದಿಂದ ವರ್ಷಗಟ್ಟಲೆ ಹಾಸಿಗೆ ಹಿಡಿದಿದ್ದರು. ಅದು ಗೊತ್ತಾದ ಮೇಲೆ ಈ ದೃಶ್ಯ ನೋಡುವಾಗ ನನಗೆ ಪ್ರತಿ ಸಲವೂ ಗಂಟಲು ಕಟ್ಟುತ್ತದೆ.

ಮಲೆನಾಡಿನ ಬಚ್ಚಲ ಹಂಡೆ ಕಂಡವರಿಗೆ ಸೌದೆ ಉರಿಯ ಬೆಳಕು ಹೇಗಿರುತ್ತದೆಂದು ಗೊತ್ತು. ಮೇಣದಬತ್ತಿಯ ಹಾಗೆ ಮಿಣುಕುವ ಎಲ್‌ಇಡಿಯನ್ನು ಒಲೆಯ ಬಾಯಲ್ಲಿಟ್ಟು, ಮುಂದೆ ಕಿತ್ತಳೆ ಬಣ್ಣದ ಜಿಲೆಟಿನ್ ಹಾಳೆಯ ಎರಡು ಪದರ ಕೊಟ್ಟೆ. ಒಳಗಿನ ಕೋಣೆಗಳಿಗೆ 2700 ಕೆಲ್ವಿನ್‌ನ ಹಳದಿ ಬೆಳಕು, ಕೋಣೆಗೆ ಒಂದೇ ಒಂದು ಬಲ್ಬು. 5 ವೋಲ್ಟ್ ಅಡಾಪ್ಟರಿಗೆ ಪ್ರತಿ ಎಲ್‌ಇಡಿ ಜೊತೆ 1 ಕಿಲೋ ಓಮ್ ರೆಸಿಸ್ಟರ್ ಹಾಕಿದರೆ ಸುಮಾರು 2 ಮಿಲಿ ಆಂಪಿಯರ್ ಹರಿಯುತ್ತದೆ. ಅಷ್ಟು ಸಾಕು. ಮೂಲೆಗಳು ಕತ್ತಲಾಗಿಯೇ ಇರಬೇಕು, ಮಸಿಗುಂಡುಗಳು ಇನ್ನೂ ಹೋಗಿಲ್ಲವಲ್ಲ.

ಈ ಮನೆಯನ್ನು ನಿಜವಾದ ಅಳತೆಯಲ್ಲೂ ಕಟ್ಟಿದ್ದಾರೆ. ಜಪಾನಿನಲ್ಲಿ ನಡೆದ 2005ರ ಐಚಿ ವಿಶ್ವ ಮೇಳಕ್ಕಾಗಿ, ನಿರ್ದೇಶಕರ ಮಗ ಗೋರೊ ಮಿಯಾಝಾಕಿ ಉಸ್ತುವಾರಿಯಲ್ಲಿ ಕಟ್ಟಿದ ಮನೆ ಈಗ, 2022ರ ನವೆಂಬರಿನಲ್ಲಿ ತೆರೆದ ಘಿಬ್ಲಿ ಪಾರ್ಕಿನ ಭಾಗ (ಈ ಚಿತ್ರ ಮಾಡಿದ ಸ್ಟುಡಿಯೊದ ಹೆಸರೇ ಘಿಬ್ಲಿ). ಅದರ ಫೋಟೋಗಳು ನನಗೆ ಬಹಳ ಸಹಾಯ ಮಾಡಿದವು. ಚಿತ್ರದಲ್ಲಿ ಕಾಣದ ಮೂಲೆಗಳನ್ನೂ ಅವರು ಯೋಚಿಸಿ ತುಂಬಿದ್ದಾರೆ.

ಮುಂದೆ ಯಾವುದು ಅಂತ ಈಗಲೇ ಕೇಳುತ್ತಿದ್ದೀರಿ. ಮಿಯಾಝಾಕಿಯವರದೇ 2001ರ ‘ಸ್ಪಿರಿಟೆಡ್ ಅವೇ’ಯ ಮಾಟಗಾತಿ ಝೆನಿಬಾ ಮನೆ ಮನಸ್ಸಿನಲ್ಲಿದೆ. ರೈಲಿನಿಂದ ಇಳಿದು ಕತ್ತಲಲ್ಲಿ ನಡೆದು ಸೇರುವ ಮನೆ, ದಾರಿ ತೋರಲು ಒಂಟಿಕಾಲಿನ ಲಾಟೀನು ಕುಪ್ಪಳಿಸಿ ಬರುತ್ತದೆ. ಒಳಗೆ ಹೋದವರಿಗೆಲ್ಲ ಟೀ, ಟೀ ಜೊತೆಗೆ ಒಂದೊಂದು ಕೆಲಸ. ‘ಮುಖವಿಲ್ಲದವನು’ ಅನ್ನುವ ಮುಖವಾಡದ ಭೂತ ಕೂಡ ರಾಟೆ ಮುಂದೆ ಕೂತು ನೂಲುತ್ತಾನೆ. ಅವರದೇ ಇನ್ನೊಂದು ಚಿತ್ರ ‘ಹೌಲ್ಸ್ ಮೂವಿಂಗ್ ಕ್ಯಾಸಲ್’ನ ಹೂಬಯಲಿನ ಗುಡಿಸಲನ್ನು ಕೆಲವರು ಸೂಚಿಸಿದ್ದಾರೆ. ನೋಟಕ್ಕೆ ಅದು ಅಪ್ಪಟ ಸ್ವರ್ಗ, ಆದರೆ ಅಲ್ಲಿ ಯಾರೂ ಒಲೆ ಹೊತ್ತಿಸುವುದನ್ನು ನಾವು ನೋಡುವುದಿಲ್ಲ. ನನ್ನ ಕೈ ಅತ್ತ ಹೋಗುತ್ತಿಲ್ಲ.

ಸದ್ಯಕ್ಕೆ ಮಣ್ಣು. ಚಿತ್ರದ ನೆಲ ಟೋಕಿಯೊ ಸುತ್ತಲಿನ ಕಾಂತೊ ಬಯಲಿನದು, ಜ್ವಾಲಾಮುಖಿ ಬೂದಿಯಿಂದಾದ ಕೆಂಗಂದು ಮಣ್ಣು. ಕಲಾ ನಿರ್ದೇಶಕ ಕಾಝುಒ ಓಗಾ ಪೋಸ್ಟರ್ ಕಲರಿನಲ್ಲಿ ಬರೆದ ಹಿನ್ನೆಲೆಗಳಲ್ಲಿ ಹುಲ್ಲಿನ ನಡುವೆ ಅದು ಇಣುಕುತ್ತದೆ. ನಮ್ಮ ಬೆಂಗಳೂರಿನ ಮಣ್ಣು ಅದಕ್ಕಿಂತ ಕೆಂಪು. ಬಟ್ಟೆಯಲ್ಲಿ ಜರಡಿ ಹಿಡಿದು, ಬರ್ನ್ಟ್ ಅಂಬರ್ ಎಂಬ ಗಾಢ ಕಂದು ಬಣ್ಣದ ಪುಡಿ ಬೆರೆಸಿ ನಾಲ್ಕು ಹದ ಮಾಡಿಟ್ಟಿದ್ದೇನೆ. ಕೈಪಂಪಿನ ಸುತ್ತ ಮಾತ್ರ ನೆಲ ಒದ್ದೆಯಾಗಿರಬೇಕು: ಪಂಪಿಗೆ ಮೊದಲು ನೀರು ಹೊಯ್ಯದೆ ಅದು ನೀರೆತ್ತುವುದಿಲ್ಲ ಅಂತ ಸತ್ಸುಕಿ ತೊರೆಯಿಂದ ನೀರು ತಂದಿದ್ದಾಳೆ. ಅಲ್ಲಿಗೆ ಹೊಳಪಿನ ವಾರ್ನಿಷ್ ಸಾಕು.

ಕಾಡಿನ ಮರದಲ್ಲಿ ವಾಸಿಸುವ ದೊಡ್ಡ ತುಪ್ಪಳದ ಜೀವಿ ಟೊಟೊರೊನನ್ನು ಇಡುತ್ತೀರಾ ಅನ್ನುವ ಪ್ರಶ್ನೆಗೆ: ಇಲ್ಲ, ಆ ರಾತ್ರಿ ಅವನನ್ನು ಮನೆಯವರು ಯಾರೂ ನೋಡಿಲ್ಲ. ಆದರೆ ಅವನ ಕರ್ಪೂರದ ಮರ ಇರಲೇಬೇಕು, ಮಸಿಗುಂಡುಗಳು ಹೋಗುವುದು ಅತ್ತಲೇ. ಅದನ್ನು ಇದೇ ಅಳತೆಗೆ ಮಾಡಿದರೆ ನನ್ನ ಕೋಣೆಯ ಸೂರು ಮುಟ್ಟುತ್ತದೆ. ಮನೆಯ ಹಿಂದೆ ದೂರದಲ್ಲಿ ಕಾಣುವ ಹಾಗೆ ಸಣ್ಣ ಅಳತೆಯಲ್ಲಿ, ತಾಮ್ರದ ತಂತಿ ಹೆಣೆದು ಕಾಂಡ ಮಾಡುವುದೆಂದು ಗೊತ್ತುಮಾಡಿದ್ದೇನೆ. ಅದಕ್ಕೆ ತಳದ ಪ್ಲೈವುಡ್ ಹಿಂದಕ್ಕೆ ಒಂದಡಿ ಹೆಚ್ಚಬೇಕು, ಈ ವಾರ ಬಡಗಿಯ ಹತ್ತಿರ ಹೋಗಿ ಬರುತ್ತೇನೆ.